ಸಿವಿಲ್ ಕೇಸಿಗೆ ಉಚಿತ ವಕೀಲರು ಸಿಕ್ಕವರು ಇದ್ದೀರಾ? ನಿಮ್ಮ ಅನುಭವ ಹೇಳಿ

ಬೆಳವಲದವ:
ಎಲ್ಲರಿಗೂ ನಮಸ್ಕಾರ. ನಾನು ಬೆಂಗಳೂರಿನ ಒಂದು ಗಾರ್ಮೆಂಟ್ಸ್‌ನಲ್ಲಿ ಕಟಿಂಗ್ ಕೆಲಸ ಮಾಡುತ್ತೇನೆ. ಕೈಗೆ ಬರುವುದು 16,500. ಊರು ಹಾವೇರಿ ಕಡೆ. ಅಪ್ಪ ತೀರಿಕೊಂಡ ಮೇಲೆ ಅಣ್ಣ ಪೌತಿ ಖಾತೆಯನ್ನು ತನ್ನೊಬ್ಬನ ಹೆಸರಿಗೆ ಮಾಡಿಸಿಕೊಂಡಿದ್ದಾನೆ. ನಾಲ್ಕು ಎಕರೆ. ಈಗ ಮಾರಲು ಗಿರಾಕಿ ಹುಡುಕುತ್ತಿದ್ದಾನಂತೆ. ನನಗೂ ಇಲ್ಲ, ಅಕ್ಕನಿಗೂ ಇಲ್ಲ. ಪಾಲಿನ ದಾವೆಗೆ ಊರಿನ ವಕೀಲರು ಮೊದಲೇ 40,000 ಕೇಳಿದರು. ಉಚಿತ ವಕೀಲರನ್ನು ಕೊಡುವ ಸರ್ಕಾರಿ ಕಾನೂನು ಸೇವಾ ಸಮಿತಿಗೆ ಅರ್ಜಿ ಹಾಕೋಣ ಅಂತ ಇದ್ದೇನೆ. ನಾವು ಎಸ್‌ಸಿ, ಎಸ್‌ಟಿ ಅಲ್ಲ. ನನಗೆ ಸಿಗುತ್ತದಾ? ಅರ್ಜಿ ಹಾಕಿದವರಿಗೆ ಏನಾಯಿತು, ದಯವಿಟ್ಟು ಹೇಳಿ.

ತೋಟದ ಸಾಲು:
ಸಿಗುತ್ತದೆ ಅಣ್ಣ. ಆದರೆ ವಕೀಲರ ಮುಖ ನೋಡುವ ಮೊದಲು ಆದಾಯ ಪ್ರಮಾಣಪತ್ರ ಕೈಗೆ ಬರಬೇಕು. ನನಗೆ ಜೀವ ಹಿಂಡಿದ್ದೇ ಅದು.

ಪಕ್ಕದ ತೋಟದವರು ಬದುವಿನ ವಿಚಾರಕ್ಕೆ ನನ್ನ ಮೇಲೆ ದಾವೆ ಹಾಕಿದರು. ಸಮನ್ಸ್ ಬಂದ ಮೇಲೆ 30 ದಿನದೊಳಗೆ ತಕರಾರು, ಅಂದರೆ ದಾವೆಗೆ ಲಿಖಿತ ಉತ್ತರ ಸಲ್ಲಿಸಬೇಕು. ಕೋರ್ಟು ಒಪ್ಪಿದರೆ 90 ದಿನದ ತನಕ ಸಮಯ. ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋದೆ. ಗಂಡಸು, ಸಾಮಾನ್ಯ ವರ್ಗ, ಹಾಗಾಗಿ ವರ್ಷದ ಆದಾಯ 3 ಲಕ್ಷದೊಳಗೆ ಇದೆ ಅಂತ ತೋರಿಸಿ ಅಂದರು. ನಾಡಕಚೇರಿಯಲ್ಲಿ ಅರ್ಜಿ ಹಾಕಿದೆ. ಬಂದ ಪತ್ರದಲ್ಲಿ 3,40,000 ಅಂತ ಇತ್ತು! ರೇಷನ್ ಕಾರ್ಡಿನಲ್ಲಿ ತಮ್ಮನ ಹೆಸರೂ ಇದೆ, ಅವನು ಬಸ್ ಕಂಡಕ್ಟರ್, ಅವನ ಸಂಬಳವನ್ನೂ ನನ್ನ ಲೆಕ್ಕಕ್ಕೆ ಸೇರಿಸಿದ್ದಾರೆ. ಅವನು ಒಲೆ ಬೇರೆ ಮಾಡಿಕೊಂಡು ಎಷ್ಟೋ ವರ್ಷವಾಯಿತು. ಕಾರ್ಡು ಬೇರೆ ಮಾಡಿಸೋಣ ಅಂದರೆ ಆಗ ಹೊಸ ಅರ್ಜಿ ತೆಗೆದುಕೊಳ್ಳುತ್ತಿರಲಿಲ್ಲ. ತಹಶೀಲ್ದಾರರಿಗೆ ಆಕ್ಷೇಪಣೆ ಕೊಟ್ಟೆ. ಗ್ರಾಮ ಆಡಳಿತ ಅಧಿಕಾರಿ ಬಂದು ಮಹಜರು ಮಾಡಬೇಕು, ಪಂಚರ ಸಹಿ ಬೇಕು. ಪಂಚರಾಗಲು ಊರಲ್ಲಿ ಯಾರೂ ಬರಲಿಲ್ಲ, ಪಕ್ಕದ ತೋಟದವರ ಭಯ.

ಖರ್ಚು ಬರೆದಿಟ್ಟಿದ್ದೇನೆ. ಟೈಪಿಂಗ್ 180. ಛಾಪಾ ಕಾಗದ, ನೋಟರಿ ಸೇರಿ 170. ಜೆರಾಕ್ಸ್ 95. ಆಟೋ 240. ಪಂಚರಿಗೆ ಊಟ, ಕಾಫಿ 310. ನನ್ನ ದಿನಗೂಲಿ ಹೋದದ್ದು ಬೇರೆ. ಉಚಿತ ವಕೀಲರನ್ನು ಪಡೆಯಲು ಇಷ್ಟು! ಅಷ್ಟರಲ್ಲಿ 30 ದಿನ ದಾಟಿತ್ತು, ಎದುರಿನ ವಕೀಲರು ಎಕ್ಸ್‌ಪಾರ್ಟಿ ಮಾಡಿ, ಅಂದರೆ ನಾನಿಲ್ಲದೆಯೇ ಕೇಸು ನಡೆಸಿ ಅಂತ ಕೇಳಿಯೂ ಆಗಿತ್ತು. ನನಗೆ ಕೊಟ್ಟ ವಕೀಲರು ಚಿಕ್ಕ ವಯಸ್ಸಿನವರು. ವಕಾಲತ್ತು ಹಾಕಿದ ದಿನವೇ ಜಡ್ಜ್ ಮುಂದೆ ನಿಂತು ಸಮಯ ತೆಗೆದುಕೊಂಡರು. ಅವರ ಬಗ್ಗೆ ಕೆಟ್ಟ ಮಾತು ಯಾರು ಆಡಿದರೂ ನಾನು ಸುಮ್ಮನಿರುವುದಿಲ್ಲ.

ಹಳ್ಳಿ ಸ್ವಯಂಸೇವಕಿ:
ನಾನು ಪಿಎಲ್‌ವಿ, ಅಂದರೆ ಸಮಿತಿಯ ಅರೆ ಕಾನೂನು ಸ್ವಯಂಸೇವಕಿ. ಮೇಲಿನವರು ಹೇಳಿದ್ದು ಓದಿ ಬೇಜಾರಾಯಿತು. 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯ್ದೆಯ 13(2)ನೇ ಕಲಮು ನೋಡಿ. ಆದಾಯದ ಬಗ್ಗೆ ಅರ್ಜಿದಾರರು ಕೊಡುವ ಅಫಿಡವಿಟ್ಟೇ ಸಾಕು ಅಂತ ಪರಿಗಣಿಸಬಹುದು. ಅದು ಸುಳ್ಳು ಅಂತ ನಂಬಲು ಕಾರಣವಿದ್ದರೆ ಮಾತ್ರ ಬೇರೆ ದಾಖಲೆಯ ಮಾತು. ನನ್ನ ಕೈಯಿಂದ ಹೋದ ಎಷ್ಟೋ ಅರ್ಜಿ ಬರೀ ಅಫಿಡವಿಟ್ ಮೇಲೆ ಮಂಜೂರಾಗಿವೆ. 2010ರ ನಿಯಮದಲ್ಲಿ ಅರ್ಜಿಯನ್ನು ಬೇಗ, ತಡ ಅಂದರೂ 7 ದಿನದೊಳಗೆ ತೀರ್ಮಾನಿಸಬೇಕು ಅಂತ ಇದೆ. ತಿರಸ್ಕರಿಸಿದರೆ ಅದೇ ಸಂಸ್ಥೆಯ ಅಧ್ಯಕ್ಷರಿಗೆ ಮೇಲ್ಮನವಿ ಹಾಕಬಹುದು. ಇದನ್ನು ಕೇಳಿ ಪಡೆಯಬೇಕು.

ತೋಟದ ಸಾಲು:
ಮೇಡಂ, ಕಲಮು ಪುಸ್ತಕದಲ್ಲಿದೆ. ಕಿಟಕಿಯ ಆಚೆ ಕೂತಿದ್ದವರು ಸರ್ಟಿಫಿಕೇಟ್ ಇಲ್ಲದೆ ಅರ್ಜಿಯನ್ನೇ ಮುಟ್ಟಲಿಲ್ಲ. ಅವರ ಹತ್ತಿರ 13(2) ಅಂತ ವಾದ ಮಾಡಿ ನಾನು ಎಲ್ಲಿಗೆ ಹೋಗಬೇಕಿತ್ತು? ಸಮನ್ಸ್ ಹಿಡಿದುಕೊಂಡು ನಿಂತವನಿಗೆ ಮೇಲ್ಮನವಿ ಹಾಕಿ ಅಂತ ಹೇಳುವುದು ಸುಲಭ.

ಹಳ್ಳಿ ಸ್ವಯಂಸೇವಕಿ:
ಅಲ್ಲಿಂದಲೇ 15100ಕ್ಕೆ ಫೋನ್ ಮಾಡಬಹುದಿತ್ತು, ಅದು ರಾಷ್ಟ್ರೀಯ ಕಾನೂನು ಸೇವೆಗಳ ಪ್ರಾಧಿಕಾರದ ಸಹಾಯವಾಣಿ. ಆನ್‌ಲೈನಿನಲ್ಲೂ ಅರ್ಜಿ ಹಾಕಬಹುದು. ನಿಮಗಾದ ಕಷ್ಟ ಸುಳ್ಳು ಅಂತ ನಾನು ಹೇಳಿಲ್ಲ. ಆದರೆ ಇದನ್ನು ಓದಿ ಇನ್ನೊಬ್ಬರು ಹೆದರಿ ಮನೆಯಲ್ಲೇ ಕೂರಬಾರದು.

ಮಲೆನಾಡ ಮಗಳು:
ನನ್ನದೂ ಪಾಲಿನ ದಾವೆಯೇ. ಅಪ್ಪನ ಗದ್ದೆ, ತೋಟ ಎಲ್ಲ ಇಬ್ಬರು ಅಣ್ಣಂದಿರು ಹಂಚಿಕೊಂಡಿದ್ದರು. ನಿನ್ನ ಮದುವೆಗೆ ಖರ್ಚು ಮಾಡಿದ್ದೇವಲ್ಲ ಅಂತ ಉತ್ತರ. 2020ರ ಆಗಸ್ಟ್ 11ರಂದು ಸುಪ್ರೀಂ ಕೋರ್ಟ್ ಮಗಳಿಗೆ ಹುಟ್ಟಿನಿಂದಲೇ ಸಮಪಾಲು ಅಂತ ಹೇಳಿತು. ಅದನ್ನು ಪೇಪರಿನಲ್ಲಿ ಓದಿ ಧೈರ್ಯ ಬಂತು. ಅಣ್ಣಂದಿರ ಪಾಲುಪಟ್ಟಿ ನೋಂದಣಿ ಆಗಿರಲಿಲ್ಲ. 2004ರ ಡಿಸೆಂಬರ್ 20ಕ್ಕೆ ಮುಂಚೆ ರಿಜಿಸ್ಟರ್ ಆಗಿದ್ದರೆ ನನ್ನ ಕಥೆ ಅಲ್ಲೇ ಮುಗಿಯುತ್ತಿತ್ತು.

ಹೆಂಗಸರಿಗೆ ಆದಾಯದ ಮಿತಿಯೇ ಇಲ್ಲ. ಆಧಾರ್, ಪಹಣಿ, ವಂಶವೃಕ್ಷ ಕೊಟ್ಟೆ, ಕೇಸಿನ ಸಂಗತಿ ಒಂದು ಹಾಳೆಯಲ್ಲಿ ಬರೆದೆ. ಪ್ಯಾನಲ್‌ನಲ್ಲಿರುವ, ಅಂದರೆ ಸಮಿತಿಯ ವಕೀಲರ ಪಟ್ಟಿಯಲ್ಲಿರುವ ಇಂಥ ಮೇಡಂ ಬೇಕು ಅಂತ ಅರ್ಜಿಯಲ್ಲೇ ಕೇಳಿದೆ. ಹಾಗೆ ಕೇಳಬಹುದು, ಕೊಡಲೇಬೇಕು ಅಂತೇನಿಲ್ಲ, ನನಗೆ ಕೊಟ್ಟರು. ಕೋರ್ಟ್ ಫೀ ನಾನು ಕಟ್ಟಲಿಲ್ಲ. ಸಮನ್ಸ್ ಕಳಿಸುವ ಪ್ರೊಸೆಸ್ ಫೀ ಕೂಡ ಕಟ್ಟಲಿಲ್ಲ. ಓಡಾಟಕ್ಕೆ ಶಕ್ತಿ ಬಸ್ಸು ಇತ್ತು. ಕೈಯಿಂದ ಹೋಗಿದ್ದು ಹಳೇ ದಾಖಲೆಗಳಿಗೆ. ಹಳೇ ಕ್ರಯಪತ್ರದ ನಕಲು, ಮ್ಯುಟೇಶನ್ ನಕಲು, ಇಪ್ಪತ್ತು ವರ್ಷದ ಪಹಣಿ, ಎಲ್ಲ ಸೇರಿ 1,460. ಅದನ್ನೂ ಕೇಳಿದ್ದರೆ ಕೊಡುತ್ತಿದ್ದರೇನೋ, ನಾನು ಕೇಳಲಿಲ್ಲ.

ಕೇಸು ಗೆದ್ದೆ, ಆದರೆ ಯಾರೂ ಹೇಳದ ಒಂದು ಮಾತಿದೆ. ಗೆದ್ದದ್ದು ಪ್ರಾಥಮಿಕ ಡಿಕ್ರಿ. ಮೂರರಲ್ಲಿ ಒಂದು ಪಾಲು ನಿನ್ನದು ಅಂತ ಹೇಳುತ್ತದೆ, ಯಾವ ಗದ್ದೆ ಅಂತ ಹೇಳುವುದಿಲ್ಲ. ಅದಕ್ಕೆ ಎಫ್‌ಡಿಪಿ, ಅಂದರೆ ಅಂತಿಮ ಡಿಕ್ರಿಗೆ ಅಂತ ಬೇರೆ ಅರ್ಜಿ. ಕಂದಾಯದ ಜಮೀನಾದರೆ ಅಳತೆ ಕೆಲಸ ಕಂದಾಯ ಇಲಾಖೆಗೆ ಹೋಗುತ್ತದೆ. ಅದಕ್ಕೆ ನಾನು ಮತ್ತೆ ಹೊಸದಾಗಿ ಕಾನೂನು ನೆರವಿನ ಅರ್ಜಿ ಹಾಕಬೇಕಾಯಿತು. ಸರ್ವೇಗೆ ಬಂದಾಗೆಲ್ಲ ಅಣ್ಣಂದಿರು ಬೇಲಿ ಮುಚ್ಚುತ್ತಾರೆ. ಇನ್ನೂ ನಡೆಯುತ್ತಿದೆ. ಬಿಡುವುದಿಲ್ಲ.

ನೊಂದ ಜೀವ:
ಹೆಂಗಸರಿಗೆ ಮಿತಿ ಇಲ್ಲ ಅಂತ ಹೆಮ್ಮೆಯಿಂದ ಬರೆದಿದ್ದೀರಿ ಅಲ್ವಾ? ಅದರಿಂದ ಹಾಳಾದವನು ನಾನು. ನನ್ನ ಹೆಂಡತಿ ಸರ್ಕಾರಿ ಶಾಲೆಯಲ್ಲಿ ಟೀಚರ್. ನನಗಿಂತ ಜಾಸ್ತಿ ಸಂಬಳ. ವಿಚ್ಛೇದನದ ಕೇಸಿಗೆ ಅವಳಿಗೆ ಉಚಿತ ವಕೀಲರು. ನಾನು ಕೊರಿಯರ್ ಆಫೀಸಿನಲ್ಲಿ ತಿಂಗಳಿಗೆ 26,000. ವರ್ಷಕ್ಕೆ 3,12,000 ಆಯಿತು, ಮಿತಿ ದಾಟಿತು ಅಂತ ನನ್ನ ಅರ್ಜಿ ವಾಪಸ್. 12,000 ರೂಪಾಯಿ ಹೆಚ್ಚು ಅಂತ! ಮೊದಲು 1 ಲಕ್ಷವಿತ್ತು, ಈಗ 3 ಲಕ್ಷವಾಗಿದೆ, ಅದೇ ದೊಡ್ಡದು ಅಂತ ಅಲ್ಲಿದ್ದವರು ಸಮಾಧಾನ ಹೇಳಿದರು. ನನ್ನ ವಕೀಲರಿಗೆ ಮೊದಲು 25,000. ಆಮೇಲೆ ಪ್ರತಿ ವಾಯಿದೆಗೆ 1,500. ಅವರು ಬರದೆ ಜೂನಿಯರ್ ಬಂದರೂ 1,500. ಸಾಕ್ಷಿ ವಿಚಾರಣೆಗೆ ಬೇರೆ 10,000. ಬಡ್ಡಿಗೆ ಸಾಲ ಮಾಡಿ ಕೊಟ್ಟಿದ್ದೇನೆ. ಇದು ಯಾವ ನ್ಯಾಯ?

ಮಲೆನಾಡ ಮಗಳು:
ನಿಮ್ಮ ಹೆಂಡತಿಯ ಸಿಟ್ಟನ್ನು ನನ್ನ ಮೇಲೆ ತೀರಿಸಬೇಡಿ. ನಮ್ಮ ಊರಲ್ಲಿ ಎಷ್ಟು ಹೆಂಗಸರ ಹೆಸರಿನಲ್ಲಿ ಒಂದು ಗುಂಟೆ ಇದೆ, ಲೆಕ್ಕ ಮಾಡಿ ನೋಡಿ. ಸಂಬಳ ಬಂದರೂ ಎಟಿಎಂ ಕಾರ್ಡ್ ಗಂಡನ ಜೇಬಿನಲ್ಲಿರುತ್ತದೆ. ಮನೆಯವರ ವಿರುದ್ಧವೇ ಕೇಸು ಹಾಕಬೇಕಾದವಳು ಆದಾಯದ ಪತ್ರಕ್ಕೆ ಯಾರ ಸಹಿ ತರಬೇಕು? ಅದೇ ಅಣ್ಣನದಾ? ಮಿತಿ ಇಡದಿದ್ದದ್ದು ಸರಿಯಾಗೇ ಇದೆ.

ನೊಂದ ಜೀವ:
ನನ್ನ ಹೆಂಡತಿಯ ಕಾರ್ಡು ಅವಳ ಜೇಬಿನಲ್ಲೇ ಇತ್ತು. ಎಲ್ಲ ಗಂಡಸರನ್ನೂ ಒಂದೇ ತಕ್ಕಡಿಯಲ್ಲಿ ತೂಗಬೇಡಿ. ನಾನು ಕೇಳಿದ್ದು ಹೆಂಗಸರಿಗೆ ಕೊಡಬೇಡಿ ಅಂತಲ್ಲ. 3 ಲಕ್ಷದ ಗೆರೆಯಲ್ಲಿ ಸ್ವಲ್ಪ ಆಚೆ ಬಿದ್ದವನಿಗೆ ಒಂದು ದಾರಿ ಇರಬೇಕು ಅಂತ. ಸುಪ್ರೀಂ ಕೋರ್ಟಿನ ಕೇಸಿಗೆ ಮಿತಿ 5 ಲಕ್ಷ ಇದೆಯಂತೆ. ಕೆಳಗಿನ ಕೋರ್ಟಿನಲ್ಲಿ ಸೋತು ಅಲ್ಲಿಯ ತನಕ ಹೋದ ಮೇಲೆ ನಾನು ಬಡವನಾಗುತ್ತೇನಾ?

ನಿವೃತ್ತ ಗುಮಾಸ್ತ:
ಆರ್ಡರ್ 33 ಬಗ್ಗೆ ಯಾರೂ ಹೇಳಲಿಲ್ಲ. ನನ್ನ ನಿವೃತ್ತಿ ಹಣದಲ್ಲಿ 6 ಲಕ್ಷವನ್ನು ಒಬ್ಬ ಸಂಬಂಧಿಗೆ ಕೈಗಡ ಕೊಟ್ಟಿದ್ದೆ. ವಾಪಸ್ ಬರಲಿಲ್ಲ. ವಸೂಲಿ ದಾವೆಗೆ ಕೋರ್ಟ್ ಫೀಯೇ 39,000ದ ಮೇಲೆ ಬಂತು. ಪಿಂಚಣಿಯಿಂದ ಮಿತಿ ದಾಟುತ್ತಿದ್ದೆ, ಸಮಿತಿಯಲ್ಲಿ ಸಿಗಲಿಲ್ಲ. ಆಗ ಸಿಪಿಸಿ, ಅಂದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆರ್ಡರ್ 33ರಲ್ಲಿ ನಿರ್ಗತಿಕ ಅಂತ ಅರ್ಜಿ ಹಾಕಿದೆ. ಕೋರ್ಟ್ ಫೀ ಕಟ್ಟುವಷ್ಟು ಶಕ್ತಿ ಇಲ್ಲ ಅಂತ ತೋರಿಸಿದರೆ ಫೀ ಇಲ್ಲದೆ ದಾವೆ ನಡೆಸಬಹುದು.

ಹೇಳಿದಷ್ಟು ಸುಲಭವಲ್ಲ. ಸರ್ಕಾರಿ ವಕೀಲರಿಗೆ ನೋಟಿಸ್ ಹೋಗುತ್ತದೆ. ಎದುರಾಳಿಗೂ ಹೋಗುತ್ತದೆ. ನನ್ನ ಸಂಬಂಧಿ ಕೋರ್ಟಿನಲ್ಲಿ ನಿಂತು ನನ್ನ ಹೆಂಡತಿಯ ಬಳೆ, ಮಗಳ ಸ್ಕೂಟಿ, ಗೋಡೆಯ ಟಿವಿ ಎಲ್ಲವನ್ನೂ ಪಟ್ಟಿ ಮಾಡಿದ. ನನ್ನಿಂದ 6 ಲಕ್ಷ ತೆಗೆದುಕೊಂಡವನು ನಾನು ಬಡವನಲ್ಲ ಅಂತ ಪಾಟೀಸವಾಲು ಮಾಡಿಸಿದ! ಮೂಲ ದಾವೆ ಶುರುವಾಗುವ ಮೊದಲು ಬಡತನದ ವಿಚಾರಣೆಯೇ ಒಂದು ವರ್ಷದ ಮೇಲೆ ಎಳೆಯಿತು. ಕೊನೆಗೆ ಮಂಜೂರಾಯಿತು. ಗೆದ್ದರೆ ಆ ಕೋರ್ಟ್ ಫೀಯನ್ನು ಸರ್ಕಾರ ವಸೂಲಿ ಮಾಡಿಕೊಳ್ಳುತ್ತದೆ, ಅದೂ ನೆನಪಿರಲಿ. ಆದರೂ ನಾನು ಇದನ್ನೇ ಮಾಡಿ ಅಂತ ಹೇಳುತ್ತೇನೆ. ಫ್ರೀ ವಕೀಲರು ಮನಸ್ಸಿಟ್ಟು ಕೆಲಸ ಮಾಡುವುದಿಲ್ಲ.

ತೋಟದ ಸಾಲು:
ಗುಮಾಸ್ತರೇ, ಒಂದು ದಿನವೂ ಅವರ ಜೊತೆ ಕೆಲಸ ಮಾಡದೆ ಹೇಗೆ ಹೇಳುತ್ತೀರಿ? ನನ್ನ ವಕೀಲರು ಬದು ನೋಡಲು ಮಳೆಯಲ್ಲಿ ಬೈಕ್ ಹೊಡೆದುಕೊಂಡು ಬಂದರು. ಪೆಟ್ರೋಲಿಗೆ ದುಡ್ಡು ಕೊಟ್ಟರೂ ತೆಗೆದುಕೊಳ್ಳಲಿಲ್ಲ.

ಹಳ್ಳಿ ಸ್ವಯಂಸೇವಕಿ:
ತೆಗೆದುಕೊಳ್ಳಲೂಬಾರದು. ಪ್ಯಾನಲ್ ವಕೀಲರು ಕಕ್ಷಿದಾರರಿಂದ ಫೀ ಕೇಳುವಂತಿಲ್ಲ. ಯಾರಾದರೂ ಕೇಳಿದರೆ ಸಮಿತಿಗೆ ಬರೆದುಕೊಡಿ, ವಕೀಲರನ್ನು ಬದಲಿಸುತ್ತಾರೆ.

ಅಡಿಕೆ ಮಂಡಿ:
ಬದಲಿಸುವ ತನಕ ಕೇಸು ಉಳಿದಿರಬೇಕಲ್ಲ. ನನಗೆ ಸಿಕ್ಕ ಫ್ರೀ ವಕೀಲರ ಬಾಯಲ್ಲಿ ಇದ್ದದ್ದು ಒಂದೇ ಮಾತು, ಲೋಕ ಅದಾಲತ್‌ನಲ್ಲಿ ರಾಜಿ ಮಾಡಿಕೊಳ್ಳಿ. ನನ್ನದು ಅಂಗಡಿ ಮಳಿಗೆಯ ಅಡ್ವಾನ್ಸ್ ಹಣ, 2,80,000. ಮಾಲೀಕ 1,50,000 ಕೊಡುತ್ತೇನೆ ಅಂದ. ಬೆಳಿಗ್ಗೆಯಿಂದ ಕೂರಿಸಿದರು. ಒಪ್ಪಿಕೊಳ್ಳಿ ಅಂತ ಎರಡೂ ಕಡೆಯ ವಕೀಲರು ಹೇಳಿದರು, ಕೂತಿದ್ದ ಹಿರಿಯರೂ ಹೇಳಿದರು. ಮಧ್ಯಾಹ್ನ ಸಹಿ ಹಾಕಿದೆ. 1,30,000 ಹೋಯಿತು. ಆಮೇಲೆ ಅಪೀಲು ಹಾಕೋಣ ಅಂದರೆ ಅಪೀಲೇ ಇಲ್ಲವಂತೆ! ಅದಾಲತ್‌ನ ಅವಾರ್ಡ್ ಅಂದರೆ ಕೋರ್ಟಿನ ಡಿಕ್ರಿ ಇದ್ದ ಹಾಗಂತೆ, ಮುಗಿಯಿತಂತೆ. ದುಡ್ಡಿಲ್ಲದವನು ಪೂರ್ತಿ ಕೇಳಬಾರದು ಅಂತಲೇ ಈ ವ್ಯವಸ್ಥೆ ಮಾಡಿದ್ದಾರೆ.

ಹಳ್ಳಿ ಸ್ವಯಂಸೇವಕಿ:
ಇದನ್ನು ಒಪ್ಪುವುದಿಲ್ಲ ಅಣ್ಣ. ಲೋಕ ಅದಾಲತ್‌ನಲ್ಲಿ ಯಾರೂ ತೀರ್ಪು ಹೇರುವಂತಿಲ್ಲ. ನೀವು ಬೇಡ ಅಂದಿದ್ದರೆ ಫೈಲು ಅದೇ ಕೋರ್ಟಿಗೆ ವಾಪಸ್ ಹೋಗುತ್ತಿತ್ತು. ಅಪೀಲು ಇಲ್ಲ ಅನ್ನುವುದು ನಿಜ, ಅದು ಎದುರಿನವನಿಗೂ ಇಲ್ಲ. ಕೋರ್ಟ್ ಫೀ ಕಟ್ಟಿದ್ದರೆ ಅದೂ ವಾಪಸ್ ಬರುತ್ತದೆ. ನಮ್ಮ ಕಡೆ ಒಬ್ಬ ವಿಧವೆಗೆ ಅಪಘಾತದ ಪರಿಹಾರ ಅದಾಲತ್‌ನಲ್ಲೇ ಕೈಗೆ ಬಂತು. ಖಾಸಗಿ ವಕೀಲರಾಗಿದ್ದರೆ ಪರ್ಸೆಂಟೇಜ್ ಕಿತ್ತುಕೊಳ್ಳುತ್ತಿದ್ದರು. ಹಾಗೆ ಪಾಲು ಕೇಳುವುದೇ ವಕೀಲರ ನಿಯಮಕ್ಕೆ ವಿರುದ್ಧ.

ಅಡಿಕೆ ಮಂಡಿ:
ಬೇಡ ಅನ್ನಬಹುದು ಅಂತ ಆ ದಿನ ನನಗೆ ಯಾರು ಹೇಳಿದರು? ಹೇಳಬೇಕಾದವರು ನನ್ನ ವಕೀಲರು. ಅವರೇ ಸಹಿ ಹಾಕಿ ಅಂದರು.

ಬೆಳವಲದವ:
ಎಲ್ಲರಿಗೂ ಧನ್ಯವಾದ. ನನ್ನ ವಿಚಾರ ಸ್ವಲ್ಪ ನೋಡಿ. ಸಂಬಳ ವರ್ಷಕ್ಕೆ ಸುಮಾರು 2 ಲಕ್ಷ, ಹಾಗಾಗಿ ಮಿತಿ ಒಳಗೇ ಇದ್ದೇನೆ ಅಲ್ವಾ? ಅರ್ಜಿ ಬೆಂಗಳೂರಿನಲ್ಲಿ ಹಾಕಬೇಕಾ, ಊರಲ್ಲಾ? ಅಷ್ಟರಲ್ಲಿ ಅಣ್ಣ ಮಾರಿಬಿಟ್ಟರೆ?

ಹಳ್ಳಿ ಸ್ವಯಂಸೇವಕಿ:
ನೀವು ಕಾರ್ಖಾನೆ ಕಾರ್ಮಿಕ. ಕಾಯ್ದೆಯ 12ನೇ ಕಲಮಿನಲ್ಲಿ ಕೈಗಾರಿಕಾ ಕಾರ್ಮಿಕರು ಬೇರೆಯೇ ವರ್ಗ, ಅವರಿಗೆ ಆದಾಯದ ಪ್ರಶ್ನೆ ಬರುವುದಿಲ್ಲ. ಕಂಪನಿಯ ಐಡಿ, ಸಂಬಳದ ಚೀಟಿ ಇಟ್ಟುಕೊಳ್ಳಿ. ದಾವೆ ಜಮೀನು ಇರುವ ಕಡೆಯ ಕೋರ್ಟಿನಲ್ಲಿ ಹಾಕಬೇಕು, ಹಾಗಾಗಿ ಅಲ್ಲಿನ ತಾಲ್ಲೂಕು ಸಮಿತಿಗೆ ಅರ್ಜಿ ಕೊಡಿ. ಊರಿಗೆ ಹೋಗಲು ರಜೆ ಇಲ್ಲದಿದ್ದರೆ ಆನ್‌ಲೈನಿನಲ್ಲಿ ಹಾಕಿ. ಅಕ್ಕನನ್ನೂ ವಾದಿ ಮಾಡಿಕೊಳ್ಳಿ.

ಮಲೆನಾಡ ಮಗಳು:
ಅಕ್ಕನನ್ನು ಸೇರಿಸಿಕೊಳ್ಳುವಾಗ ಅವರ ಪಾಲು ಅವರಿಗೇ ಅಂತ ಮೊದಲು ಮಾತಾಡಿ. ಕೇಸಿಗೆ ತಂಗಿ ಬೇಕು, ಗೆದ್ದ ಮೇಲೆ ಹಕ್ಕುಬಿಡುಗಡೆ ಪತ್ರಕ್ಕೆ ಸಹಿ ಹಾಕು ಅನ್ನುವ ಅಣ್ಣಂದಿರನ್ನು ನಾನು ನೋಡಿದ್ದೇನೆ.

ನೊಂದ ಜೀವ:
ಮತ್ತೆ ಶುರುವಾಯಿತು. ಅವರು ಅಕ್ಕನಿಗೂ ಕೊಟ್ಟಿಲ್ಲ ಅಂತ ಮೊದಲ ಸಾಲಿನಲ್ಲೇ ಬರೆದು ಬೇಜಾರು ಮಾಡಿಕೊಂಡಿದ್ದಾರೆ.

ನಿವೃತ್ತ ಗುಮಾಸ್ತ:
ಮಾರಾಟದ ಬಗ್ಗೆ ಚಿಂತೆ ಬೇಡ. ದಾವೆ ಬಿದ್ದ ಮೇಲೆ ಮಾರಿದರೆ ಸ್ವತ್ತು ವರ್ಗಾವಣೆ ಕಾಯ್ದೆಯ 52ನೇ ಕಲಮು ಇದೆ. ಕೊಂಡವನೂ ತೀರ್ಪಿಗೆ ಬದ್ಧ.

ತೋಟದ ಸಾಲು:
ಚಿಂತೆ ಬೇಡ ಅಂತ ಹೇಳಬೇಡಿ ಗುಮಾಸ್ತರೇ. ಕೊಂಡವನು ಜೆಸಿಬಿ ತಂದು ಬದು ಕಿತ್ತು ಹಾಕಿದ ಮೇಲೆ 52 ಹಿಡಿದು ಏನು ಮಾಡುತ್ತೀರಿ? ದಾವೆ ಜೊತೆಗೇ ತಡೆಯಾಜ್ಞೆಗೆ ಅರ್ಜಿ ಹಾಕಿಸಿ ಅಣ್ಣ. ಸಿಕ್ಕರೆ ಆದೇಶದ ನಕಲನ್ನು ಸಬ್‌ರಿಜಿಸ್ಟ್ರಾರ್ ಕಚೇರಿಗೆ ಕೊಟ್ಟು ಸ್ವೀಕೃತಿ ತೆಗೆದುಕೊಳ್ಳಿ. ಈ ವಾರವೇ ಹೊರಡಿ.

ನಿವೃತ್ತ ಗುಮಾಸ್ತ:
ತಡೆಯಾಜ್ಞೆ ಕೇಳಿದ ದಿನವೇ ಸಿಗುತ್ತದೆ ಅಂತ ಹೇಳಲಾಗುವುದಿಲ್ಲ. ನಲವತ್ತು ವರ್ಷ ಕಚೇರಿಯಲ್ಲಿ ಕಾಗದ ನೋಡಿದವನು ನಾನು.

ತೋಟದ ಸಾಲು:
ನನ್ನ ಫ್ರೀ ವಕೀಲರು ಎದುರಿನವರ ತಡೆಯಾಜ್ಞೆಯನ್ನೇ ತೆರವು ಮಾಡಿಸಿದರು. ಆದೇಶದ ಪ್ರತಿ ಬೇಕಾದರೆ ಕಳಿಸುತ್ತೇನೆ, ಓದಿ ನೋಡಿ.