ಶಿನೊಬು ಹಾಶಿಮೊಟೊ: ಕುರೊಸಾವಾ ಆಚೆಗೆ ಏನು ನೋಡಲಿ?

ಪ್ರಶ್ನೆ: ಜಪಾನಿನ ನಿರ್ದೇಶಕ ಕುರೊಸಾವಾರ 'ರಾಶೊಮಾನ್', 'ಇಕಿರು', 'ಸೆವೆನ್ ಸಮುರಾಯ್' ಚಿತ್ರಕಥೆ ಬರೆದವರಲ್ಲಿ ಹಾಶಿಮೊಟೊ ಕೂಡ ಒಬ್ಬರು ಅಂತ ಗೊತ್ತು. ಬೇರೆ ನಿರ್ದೇಶಕರಿಗೆ ಬರೆದದ್ದರಲ್ಲಿ ಯಾವುದರಿಂದ ಶುರು ಮಾಡಲಿ?

ಉತ್ತರ 1: ಕಣ್ಣುಮುಚ್ಚಿ ನಿರ್ದೇಶಕ ಕೊಬಯಾಶಿಯ 'ಹರಕಿರಿ' (1962). ಕೆಲಸವಿಲ್ಲದ ಸಮುರಾಯ್ (ಜಪಾನಿ ಯೋಧ) ಒಬ್ಬ ದೊಡ್ಡ ಮನೆತನದ ಅಂಗಳದಲ್ಲಿ ಕೂತು ಕಥೆ ಹೇಳ್ತಾನೆ, ಮೇಲ್ನೋಟಕ್ಕೆ ಅಷ್ಟೇ. ಆದರೆ ಫ್ಲ್ಯಾಶ್‌ಬ್ಯಾಕ್ ಒಂದೊಂದೇ ಬಿಚ್ಚಿಕೊಂಡ ಹಾಗೆ ಎದುರಿಗೆ ಕೂತವರ ಮಾನ ಹರಾಜಾಗುತ್ತೆ. ನನಗಂತೂ 'ರಾಶೊಮಾನ್'ಗಿಂತ ಇದೇ ಬಿಗಿ. ಬೈಯೋರು ಬೈಯಿರಿ.

ಉತ್ತರ 2: ನಿರ್ಮಾಪಕರಾಗಿಯೂ ಗಟ್ಟಿಗರು. 1973ರಲ್ಲಿ ಸ್ವಂತ ಸಂಸ್ಥೆ ಕಟ್ಟಿದರು. 1974ರ 'ಕ್ಯಾಸಲ್ ಆಫ್ ಸ್ಯಾಂಡ್', 1977ರ 'ಮೌಂಟ್ ಹಕ್ಕೋಡ' ಎರಡೂ ಚೆನ್ನಾಗಿ ಓಡಿದವು. ಎರಡನೆಯದು 1902ರಲ್ಲಿ ಹಿಮಕ್ಕೆ ಸಿಕ್ಕಿ ಸತ್ತ ಸೈನಿಕರ ನಿಜ ಘಟನೆ.

ಪ್ರಶ್ನೆ ಕೇಳಿದವರು: ನಿರ್ದೇಶನವೂ ಮಾಡಿದ್ದಾರಲ್ಲವಾ?

ಉತ್ತರ 1: 1982ರ 'ಲೇಕ್ ಆಫ್ ಇಲ್ಯೂಷನ್ಸ್'. ಮಕಾಡೆ ಮಲಗಿತು. ಅದನ್ನ ಕೊನೆಗಿಟ್ಟುಕೊಳ್ಳಿ.