‘ಮಾರನಾಥ’ದಲ್ಲಿ ನಾಥ ಯಾರು?

ಎಲ್ರಿಗೂ ನಮಸ್ಕಾರ. ಮೊನ್ನೆ ಒಂದು ಟೆಂಪೋ ಹಿಂದೆ ದಪ್ಪಕ್ಷರದಲ್ಲಿ ‘ಮಾರನಾಥ’ ಅಂತ ಬರೆಸಿತ್ತು, ಜೊತೆಗಿದ್ದ ನಮ್ಮ ಭಾವ, ‘ಮಂಜುನಾಥ, ಗೋರಖನಾಥ ಇದ್ದಂಗೆ ಇವನೂ ಒಬ್ಬ ನಾಥ, ಮಾರ ಅಂದ್ರೆ ಮನ್ಮಥ ಅಲ್ವಾ’ ಅಂದ್ಬಿಟ್ರು. ಪಕ್ಕದಲ್ಲೇ ಶಿಲುಬೆ ಇದೆ ನೋಡಿ ಭಾವ ಅಂದೆ.

ಇದು ಸಂಸ್ಕೃತ ಅಲ್ಲ, ಯೇಸುವಿನ ಆಡುಮಾತಾಗಿದ್ದ ಅರಮಾಯಿಕ್ ಭಾಷೆಯ ಪದ. ಯೇಸುವಿನ ಅಪೊಸ್ತಲ ಪೌಲ ಸುಮಾರು ಕ್ರಿ.ಶ. 55ರ ಹೊತ್ತಿಗೆ ಎಫೆಸ ಪಟ್ಟಣದಿಂದ ಕೊರಿಂಥ ಪಟ್ಟಣದ ಕ್ರೈಸ್ತರಿಗೆ ಗ್ರೀಕಲ್ಲಿ ಬರೆದ, ಈಗ ಬೈಬಲ್ಲಲ್ಲಿರೋ ಕಾಗದದ ಕೊನೇಲಿ ಬರುತ್ತೆ. ಅಷ್ಟುದ್ದ ಕಾಗದ ಬೇರೆಯವರ ಕೈಲಿ ಬರೆಸಿ, ಕೊನೆಗೆ ಇದು ನನ್ನ ಕೈಯಾರೆ ಬರೆದ ವಂದನೆ ಅಂತ ಹೇಳಿ, ಆಮೇಲೆ ಈ ಪದ ಹಾಕ್ತಾನೆ, ಗ್ರೀಕ್ ಲಿಪಿಯಲ್ಲಿ, ಅರ್ಥ ಕೊಡದೆ. ಕೊರಿಂಥದವರ ಆಡುಮಾತು ಗ್ರೀಕು, ಆದ್ರೂ ಅರ್ಥ ಹೇಳ್ಬೇಕು ಅನ್ನಿಸಿಲ್ಲ ಅಂದ್ರೆ ಆಮೆನ್ ಥರ ಪ್ರಾರ್ಥನೇಲಿ ಆಗ್ಲೇ ಬಾಯಿಗೆ ಕೂತಿತ್ತು ಅಂತಾಯ್ತು. ಡಿಡಾಖೆ ಅನ್ನೋ, ಮೊದಮೊದಲ ಕ್ರೈಸ್ತರ ಹಳೇ ಗ್ರೀಕ್ ಕೈಪಿಡೀಲೂ ಊಟದ ನಂತರದ ಪ್ರಾರ್ಥನೆ ಕೊನೆಗೆ ಆಮೆನ್ ಪಕ್ಕದಲ್ಲೇ ಕೂತಿದೆ.

ಮಜಾ ಇರೋದು ಪದಚ್ಛೇದದಲ್ಲಿ. ಹಳೇ ಗ್ರೀಕ್ ಹಸ್ತಪ್ರತಿಗಳಲ್ಲಿ ಪದಗಳ ನಡುವೆ ಜಾಗ ಬಿಡೋ ರೂಢಿ ಇರ್ಲಿಲ್ಲ. ‘ಮಾರನಾ ಥಾ’ ಅಂತ ಬಿಡಿಸಿದ್ರೆ ‘ನಮ್ಮೊಡೆಯಾ, ಬಾ’, ‘ಮಾರನ್ ಅಥಾ’ ಅಂದ್ರೆ ‘ನಮ್ಮೊಡೆಯ ಬಂದ’. ಒಂದು ಕರೆ, ಇನ್ನೊಂದು ಸುದ್ದಿ! ನಂಗೆ ಮೊದಲನೇದೇ ಸರಿ ಅನ್ಸುತ್ತೆ, ಯಾಕಂದ್ರೆ ಬೈಬಲ್ಲಿನ ಕೊನೇ ಭಾಗವಾದ ಪ್ರಕಟನೆ ಪುಸ್ತಕದ ಕೊನೇಲಿ ‘ಬಾ, ಕರ್ತನಾದ ಯೇಸುವೇ’ ಅಂತ ಇದೇ ಮೊರೆ ಗ್ರೀಕಲ್ಲಿದೆ. 1611ರ ಇಂಗ್ಲಿಷ್ ಬೈಬಲ್ಲಲ್ಲಂತೂ ಪೌಲನ ಕಾಗದದಲ್ಲಿ ಇದರ ಹಿಂದಿನ ವಾಕ್ಯದ ‘ಅನಾಥೆಮ’, ಅಂದ್ರೆ ಶಾಪ, ಅದಕ್ಕೆ ಇದನ್ನ ಅಂಟಿಸಿಬಿಟ್ರು, ಪಾಪ, ಎಷ್ಟೋ ಜನ ಇದೂ ಒಂದು ದೊಡ್ಡ ಶಾಪ ಅಂದ್ಕೊಂಡ್ರು.

ಅಂದ್ರೆ ಒಡೆಯ ಇರೋದು ‘ಮಾರ’ದಲ್ಲಿ, ನಮ್ಮ ಕಿವಿಗೆ ಮಾತ್ರ ‘ನಾಥ’ದಲ್ಲಿ ಕೇಳುತ್ತೆ. ಬೆಳ್ತಂಗಡಿ ಕಡೆ, ಕೇರಳ ಮೂಲದ ಸಿರೋ ಮಲಬಾರ್ ಚರ್ಚಿನ ಬಿಷಪ್ಪರ ಹೆಸರಿನ ಮುಂದೆ ‘ಮಾರ್’ ಅಂತ ಹಾಕ್ತಾರಲ್ಲ, ಅದು ಇದೇ ಪದ, ಅರಮಾಯಿಕ್‌ನ ಕವಲಾದ ಸಿರಿಯಾಕ್ ಮೂಲಕ ಕೇರಳಕ್ಕೆ ಬಂದು ಘಟ್ಟದ ಬುಡಕ್ಕೂ ಬಂತು.

ಈಗ ನನ್ನ ಪ್ರಶ್ನೆ. ಒಂದು ಸಣ್ಣ ಲೇಖನಕ್ಕೆ ಇದನ್ನ ಕನ್ನಡದಲ್ಲಿ ಬರೀಬೇಕು. ‘ಮಾರನಾಥ’ ಅಂತ ಬರೆದ್ರೆ ನಮ್ಮ ಭಾವನ ಅರ್ಥವೇ ಬರುತ್ತೆ, ‘ಮಾರನಾ ಥಾ’ ಅಂತ ಬಿಡಿಸಿದ್ರೆ ಅಚ್ಚಿನ ತಪ್ಪು ಅಂತ ಪ್ರೂಫ್ ನೋಡೋರು ಕೂಡಿಸಿಬಿಡ್ತಾರೆ (ಒಂದ್ಸಲ ಆಗಿದೆ). ನಡುವೆ ಅಡ್ಡಗೆರೆ ಹಾಕ್ಲಾ? ಅಥವಾ ಸುಮ್ನೆ ‘ಒಡೆಯಾ ಬಾ’ ಅಂತ ಬರೆದ್ರೆ ಸಾಕಾ?