ಐರಿಷ್ ವಲಸಿಗರ ಬಗ್ಗೆ ಕಾದಂಬರಿ: ಹಡಗು ಇಳಿದ ಮೇಲೆ ಕಥೆ ನಿಂತುಬಿಟ್ಟಿದೆ, ಸಲಹೆ ಬೇಕು

ಹಂಪಿಯಾಕೆ:

ಎಲ್ಲರಿಗೂ ನಮಸ್ಕಾರ. ಐರ್ಲೆಂಡಿನಿಂದ ಅಮೆರಿಕಕ್ಕೆ ಹೋದ ಒಬ್ಬ ಹುಡುಗಿಯ ಕಥೆಯನ್ನು ಕನ್ನಡದಲ್ಲಿ ಕಾದಂಬರಿ ಮಾಡುತ್ತಿದ್ದೇನೆ. ಹೆಸರು ನೋರಾ, ಹದಿನೇಳು ವರ್ಷ. ರಾಸ್‌ಕಾಮನ್ ಕೌಂಟಿಯ ಸ್ಟ್ರೋಕ್ಸ್‌ಟೌನ್ ಪಕ್ಕದ ಹಳ್ಳಿಯವಳು. 1845ರಲ್ಲಿ ಆಲೂಗಡ್ಡೆಗೆ ಅಂಗಮಾರಿ ಬಂತು, 1846ರಲ್ಲಿ ಬೆಳೆ ಪೂರ್ತಿ ಕೈಕೊಟ್ಟಿತು. 1847ರಲ್ಲಿ ಅಲ್ಲಿನ ಜಮೀನ್ದಾರ ಡೆನಿಸ್ ಮಹಾನ್ ತನ್ನ ಗೇಣಿದಾರರನ್ನು ಒಕ್ಕಲೆಬ್ಬಿಸಿ, ಸುಮಾರು 1490 ಜನರನ್ನು ಕೆನಡಾಕ್ಕೆ ಸಾಗಹಾಕಿದ. ಅವರು ರಾಯಲ್ ಕಾಲುವೆಯ ದಂಡೆ ಹಿಡಿದು ಡಬ್ಲಿನ್‌ವರೆಗೆ ನಡೆದರು, ಅಲ್ಲಿಂದ ಲಿವರ್‌ಪೂಲ್, ಅಲ್ಲಿಂದ ಹಡಗು. ವರ್ಜೀನಿಯಸ್ ಅನ್ನುವ ಹಡಗು ಹತ್ತಿದ 476 ಜನರಲ್ಲಿ 158 ಜನ ನಡುಸಮುದ್ರದಲ್ಲೇ ಸತ್ತರು. ನೋರಾಳ ಅಪ್ಪ ಅಮ್ಮ ಅದೇ ಹಡಗಿನಲ್ಲಿ ತೀರಿಕೊಳ್ಳುತ್ತಾರೆ. ಒಂಬತ್ತು ವರ್ಷದ ತಮ್ಮ ಊರಲ್ಲೇ ಚಿಕ್ಕಮ್ಮನ ಹತ್ತಿರ ಉಳಿದಿದ್ದಾನೆ.

ಇಲ್ಲಿವರೆಗೆ ಬರವಣಿಗೆ ಸರಾಗವಾಗಿ ಬಂತು. ಗ್ರೋಸ್ ಐಲ್ ದ್ವೀಪದ ಕ್ವಾರಂಟೈನ್, ಜ್ವರದ ಷೆಡ್ಡುಗಳು, ಅಲ್ಲಿಂದ ಗಡಿ ದಾಟಿ ನ್ಯೂಯಾರ್ಕಿಗೆ ಬರುವುದು, ಎಲ್ಲ ಬರೆದಾಯಿತು. ಆದರೆ ನ್ಯೂಯಾರ್ಕಿಗೆ ಬಂದ ಮೇಲೆ ನೋರಾ ಏನು ಮಾಡುತ್ತಾಳೆ? ಫೈವ್ ಪಾಯಿಂಟ್ಸ್‌ನ ಕೊಳಕು ಗಲ್ಲಿ, ಹೆಂಡದಂಗಡಿ, ಹೊಡೆದಾಟ, "ಐರಿಷರಿಗೆ ಕೆಲಸವಿಲ್ಲ" ಅನ್ನುವ ಬೋರ್ಡು, ಇವೆಲ್ಲ ಎಲ್ಲರೂ ಬರೆದಿರುವಂಥದ್ದೇ. ನನಗೆ ಬೇಕಿರುವುದು ಅವಳು ಬದುಕು ಕಟ್ಟಿಕೊಂಡ ಬಗೆ. ದಿನಾ ಬೆಳಿಗ್ಗೆ ಎದ್ದು ಏನು ಮಾಡುತ್ತಿದ್ದಳು, ಕೈಗೆ ಎಷ್ಟು ದುಡ್ಡು ಬರುತ್ತಿತ್ತು, ಆ ದುಡ್ಡು ಎಲ್ಲಿಗೆ ಹೋಗುತ್ತಿತ್ತು. ಕಥೆಯನ್ನು 1863ರವರೆಗೆ ತರುವ ಆಸೆ ಇದೆ. ಗೊತ್ತಿದ್ದವರು ದಯವಿಟ್ಟು ಹೇಳಿ.

ದಪ್ತರ:

ಮೇಡಂ, ನಿಮ್ಮ ಪ್ರಶ್ನೆಯಲ್ಲೇ ಉತ್ತರ ಇದೆ. ದುಡ್ಡಿನ ಜಾಡು ಹಿಡಿಯಿರಿ, ಕಥೆ ತಾನಾಗಿ ಬರುತ್ತದೆ.

ಐರಿಷ್ ವಲಸೆಯಲ್ಲಿ ಬೇರೆ ಯುರೋಪಿನ ಗುಂಪುಗಳಿಗಿಂತ ಒಂದು ದೊಡ್ಡ ವ್ಯತ್ಯಾಸ ಇತ್ತು. ಬಂದವರಲ್ಲಿ ಹೆಚ್ಚುಕಡಿಮೆ ಅರ್ಧ ಹೆಂಗಸರು, ಅದರಲ್ಲೂ ಮದುವೆಯಾಗದ ಹುಡುಗಿಯರು ಒಂಟಿಯಾಗಿ ಬಂದದ್ದು ಜಾಸ್ತಿ. ಅವರಲ್ಲಿ ಬಹಳ ಮಂದಿ ಹಿಡಿದ ಕೆಲಸ ಅನುಕೂಲಸ್ಥರ ಮನೆಗೆಲಸ. ಊಟ, ಮಲಗುವ ಜಾಗ ಅಲ್ಲೇ ಸಿಗುತ್ತಿತ್ತು, ಕೈಗೆ ತಿಂಗಳಿಗೆ ನಾಲ್ಕರಿಂದ ಏಳೆಂಟು ಡಾಲರ್. ಬಂದರಿನಲ್ಲಿ ಮೂಟೆ ಹೊರುವ ಗಂಡಸಿಗೆ ದಿನಕ್ಕೆ ಒಂದು ಡಾಲರಿನ ಹತ್ತಿರ ಸಿಗುತ್ತಿತ್ತು, ಸಿಕ್ಕ ದಿನ ಮಾತ್ರ. ಚಳಿಗಾಲದಲ್ಲಿ ಅದೂ ಇಲ್ಲ. ಬಾಡಿಗೆ, ಊಟ ಕಳೆದರೆ ಅವನಿಗೆ ಉಳಿಯುವುದು ಅಷ್ಟಕ್ಕಷ್ಟೇ. ಮನೆಗೆಲಸದ ಹುಡುಗಿಗೆ ಬಂದ ಸಂಬಳ ಬಂದ ಹಾಗೇ ಕೈಯಲ್ಲಿ ನಿಲ್ಲುತ್ತಿತ್ತು.

ನೋರಾಳ ಮೊದಲ ದಿನವನ್ನು ಅಡುಗೆಮನೆಯಲ್ಲೇ ಬರೆಯಿರಿ. 1841ರ ಜನಗಣತಿ ಪ್ರಕಾರ ಐರ್ಲೆಂಡಿನ ಹೆಚ್ಚುಕಡಿಮೆ ಐದರಲ್ಲಿ ಎರಡು ಮನೆ ಒಂದೇ ಕೋಣೆಯ ಮಣ್ಣಿನ ಗುಡಿಸಲು. ಅಂಥ ಮನೆಯಲ್ಲಿ ಅಡುಗೆ ಅಂದರೆ ನೆಲದ ಮೇಲಿನ ಪೀಟ್ (ಜೌಗು ನೆಲದಿಂದ ಕಡಿದು ಒಣಗಿಸಿದ ಮಣ್ಣಿನ ಹೆಂಟೆ) ಬೆಂಕಿ, ಅದರ ಮೇಲೆ ತೂಗುಬಿಟ್ಟ ಒಂದು ಕಬ್ಬಿಣದ ಪಾತ್ರೆ, ಅದರ ತುಂಬ ಆಲೂಗಡ್ಡೆ. ದುಡಿಯುವ ಗಂಡಸು ದಿನಕ್ಕೆ ಐದಾರು ಕಿಲೋ ಆಲೂಗಡ್ಡೆ ತಿನ್ನುತ್ತಿದ್ದ, ಜೊತೆಗೆ ಮಜ್ಜಿಗೆ. ಈಗ ಆ ಹುಡುಗಿಯ ಮುಂದೆ ಎರಕದ ಕಬ್ಬಿಣದ ದೊಡ್ಡ ಸ್ಟವ್ ಇದೆ. ಕಲ್ಲಿದ್ದಲು ಹಾಕಬೇಕು, ಗಾಳಿ ಬಿಡುವ ಬಾಗಿಲು ಎಷ್ಟು ತೆರೆಯಬೇಕು ಅಂತ ಅಂದಾಜು ಬೇಕು, ಬೂದಿ ಎತ್ತಬೇಕು, ಮೇಲೆ ಕಪ್ಪು ಪಾಲಿಶ್ ತಿಕ್ಕಬೇಕು. ಮನೆಯೊಡತಿ "ರೋಸ್ಟ್ ಮಾಡು" ಅಂದರೆ ಏನು ಅಂತಲೇ ಅವಳು ಕಂಡಿಲ್ಲ. ಆ ಕಾಲದ ಪತ್ರಿಕೆಗಳು ಇಂಥ ಹುಡುಗಿಯರನ್ನೆಲ್ಲ "ಬ್ರಿಜೆಟ್" ಅಂತ ಒಂದೇ ಹೆಸರಿನಿಂದ ಕರೆದು ದಡ್ಡಿ ಅಂತ ನಗೆಚಿತ್ರ ಹಾಕುತ್ತಿದ್ದವು. ಅವಳು ದಡ್ಡಿಯಲ್ಲ, ಅವಳ ಕೈಗೆ ಅಲ್ಲಿವರೆಗೆ ಸಿಕ್ಕಿದ್ದೇ ಒಂದು ಪಾತ್ರೆ. ಇದನ್ನು ಓದುಗರಿಗೆ ಕಾಣಿಸಿ.

ಇನ್ನು ದುಡ್ಡು. ಐರಿಷ್ ಎಮಿಗ್ರಂಟ್ ಸೊಸೈಟಿಯವರು 1850ರಲ್ಲಿ ನ್ಯೂಯಾರ್ಕಿನ ಚೇಂಬರ್ಸ್ ಬೀದಿಯಲ್ಲಿ ಎಮಿಗ್ರಂಟ್ ಇಂಡಸ್ಟ್ರಿಯಲ್ ಸೇವಿಂಗ್ಸ್ ಬ್ಯಾಂಕ್ ಶುರು ಮಾಡಿದರು. ಬಂದವರಲ್ಲಿ ಬಹಳ ಜನಕ್ಕೆ ಓದು ಬರಹ ಬರದು. ಬೇರೆಯವರು ಬಂದು ದುಡ್ಡು ತೆಗೆಯದಂತೆ ಗುಮಾಸ್ತ ಖಾತೆ ತೆರೆಯುವಾಗಲೇ ಎಲ್ಲ ಕೇಳಿ ಬರೆದುಕೊಳ್ಳುತ್ತಿದ್ದ. ಯಾವ ಕೌಂಟಿ, ಯಾವ ಊರು, ಯಾವ ಹಡಗು, ಯಾವ ವರ್ಷ ಬಂದಿದ್ದು, ಅಪ್ಪ ಅಮ್ಮನ ಹೆಸರು, ಇದ್ದಾರಾ ತೀರಿಕೊಂಡರಾ, ಅಣ್ಣತಮ್ಮ ಅಕ್ಕತಂಗಿ ಎಷ್ಟು, ಯಾರು ಎಲ್ಲಿದ್ದಾರೆ. ಆ ಪುಸ್ತಕಗಳು ಈಗಲೂ ನ್ಯೂಯಾರ್ಕ್ ಪಬ್ಲಿಕ್ ಲೈಬ್ರರಿಯಲ್ಲಿವೆ. ನನಗೆ ಕೇಳಿದರೆ ನಿಮ್ಮ ಕಾದಂಬರಿಯ ಅತಿ ಮುಖ್ಯ ದೃಶ್ಯ ಅದೇ. ಅಪ್ಪ ಅಮ್ಮ ಸತ್ತದ್ದನ್ನು ಯಾರಿಗೂ ಹೇಳದ ಹುಡುಗಿ ಒಬ್ಬ ಗುಮಾಸ್ತನ ಮುಂದೆ, ಎರಡು ಡಾಲರ್ ಕಟ್ಟುವುದಕ್ಕೋಸ್ಕರ, ಒಂದೊಂದಾಗಿ ಹೇಳಬೇಕಾಗುತ್ತದೆ.

ಕೂಡಿಟ್ಟ ದುಡ್ಡು ಊರಿಗೆ ಹೋಗುತ್ತಿತ್ತು. ಹಾಗೆ ಉತ್ತರ ಅಮೆರಿಕದಿಂದ ಹೋದ ಹಣ 1852ರಿಂದ 1854ರ ನಡುವೆ ಪ್ರತಿ ವರ್ಷವೂ ಹತ್ತು ಲಕ್ಷ ಪೌಂಡ್ ದಾಟಿತ್ತು. ಅದರಲ್ಲಿ ಎಷ್ಟೋ ಪಾಲು ಮೊದಲೇ ಹಣ ಕಟ್ಟಿದ ಹಡಗಿನ ಟಿಕೆಟ್. ಅಕ್ಕ ಬಂದು ತಮ್ಮನನ್ನು ಕರೆಸಿದಳು, ತಮ್ಮ ಬಂದು ಇನ್ನೊಬ್ಬನನ್ನು ಕರೆಸಿದ. ನೋರಾ 1852ರ ಹೊತ್ತಿಗೆ ತಮ್ಮನಿಗೆ ಟಿಕೆಟ್ ಕಳಿಸಲಿ. ಆಗ ಅವನಿಗೆ ಹದಿನಾಲ್ಕು.

ಎಡಿಸನ್ ಕನ್ನಡಿಗ:

ದಪ್ತರ ಅವರು ಹೇಳಿದ್ದು ಸರಿ. ನಾನು ಒಂದು ಸೇರಿಸುತ್ತೇನೆ, ತಮ್ಮ ಬಂದ ಮೇಲೆ ಇಬ್ಬರೂ ಎಲ್ಲಿರುತ್ತಾರೆ ಅನ್ನುವುದು ಮುಖ್ಯ. ನೋರಾ ಮಾಲೀಕರ ಮನೆಯಲ್ಲಿ, ತಮ್ಮ ವಠಾರದಲ್ಲಿ. ಮ್ಯಾನ್‌ಹಟನ್‌ನ 97 ಆರ್ಚರ್ಡ್ ಬೀದಿಯಲ್ಲಿ ಟೆನೆಮೆಂಟ್ ಮ್ಯೂಸಿಯಂ ಇದೆ, ಇಲ್ಲಿಂದ ರೈಲಿನಲ್ಲಿ ಹೋಗಿ ನೋಡಿಬಂದಿದ್ದೇನೆ. ಆ ಕಟ್ಟಡ ಕಟ್ಟಿದ್ದು 1863ರಲ್ಲಿ, ನಿಮ್ಮ ಕಥೆ ಮುಗಿಯುವ ವರ್ಷ. ಆದರೂ ಒಳಗೆ ನಿಂತರೆ ಅಂದಾಜು ಸಿಗುತ್ತದೆ. ಒಂದು ಮನೆ ಅಂದರೆ ಮೂರು ಕೋಣೆ ಸೇರಿ 325 ಚದರ ಅಡಿ. ಬೀದಿ ಕಡೆಯ ಕೋಣೆಗೆ ಮಾತ್ರ ಬೆಳಕು, ಹಿಂದಿನ ಮಲಗುವ ಕೋಣೆಯಲ್ಲಿ ಹಗಲೂ ಕತ್ತಲೆ. ನೀರು, ಪಾಯಖಾನೆ ಎರಡೂ ಹಿತ್ತಲಲ್ಲಿ, ಎಲ್ಲ ಮನೆಗೂ ಸೇರಿ. ಮೇಲಿನ ಮಹಡಿಯವರು ಒಂದು ಬಕೆಟ್ ನೀರಿಗೆ ಆ ಮೆಟ್ಟಿಲನ್ನೆಲ್ಲ ಹತ್ತಿ ಇಳಿಯಬೇಕು.

1869ರಲ್ಲಿ ಅಲ್ಲಿದ್ದ ಐರಿಷ್ ಮೂರ್ ದಂಪತಿಯ ಕೂಸು ತೀರಿಕೊಂಡಿತು. ಮ್ಯೂಸಿಯಂನಲ್ಲಿ ಆ ಮನೆಯನ್ನು ಸಾವಿನ ದಿನ ಇದ್ದ ಹಾಗೆ ಜೋಡಿಸಿಟ್ಟಿದ್ದಾರೆ. ನೋಡಿ ಹೊರಗೆ ಬಂದ ಮೇಲೂ ನನಗೆ ಸ್ವಲ್ಪ ಹೊತ್ತು ಮಾತು ಬರಲಿಲ್ಲ.

ಇನ್ನೊಂದು, ಹಾಲು. ಸಾರಾಯಿ ಭಟ್ಟಿಯ ಪಕ್ಕದಲ್ಲೇ ಹಸು ಕಟ್ಟಿ, ಭಟ್ಟಿಯಲ್ಲಿ ಉಳಿದ ಬಿಸಿ ಗಸಿಯನ್ನೇ ಅವಕ್ಕೆ ಕುಡಿಸುತ್ತಿದ್ದರು. ಹಾಲು ತೆಳ್ಳಗೆ, ನೀಲಿ ಬಣ್ಣಕ್ಕೆ ಬರುತ್ತಿತ್ತು, ಅದನ್ನು ಬೆಳ್ಳಗೆ ಕಾಣಿಸಲು ಸೀಮೆಸುಣ್ಣ ಬೆರೆಸಿ ಮಾರುತ್ತಿದ್ದರು. ಬಡವರ ಮಕ್ಕಳು ಕುಡಿದದ್ದು ಅದನ್ನೇ. 1858ರಲ್ಲಿ ಒಂದು ಪತ್ರಿಕೆ ಇದನ್ನು ಚಿತ್ರಸಮೇತ ಬಯಲಿಗೆಳೆಯಿತು. ಪೀಟ್ ಹೊಗೆಯ ಗುಡಿಸಲಲ್ಲಿ ಹುಟ್ಟಿದರೂ ಒಳ್ಳೆಯ ಮಜ್ಜಿಗೆ ಕುಡಿದು ಬೆಳೆದ ನೋರಾಗೆ ಈ ಹಾಲು ಕಂಡರೆ ಏನನ್ನಿಸುತ್ತದೆ, ಬರೆಯಿರಿ.

ಗಣಿನಾಡು:

ಎಲ್ಲರೂ ನ್ಯೂಯಾರ್ಕ್, ಬಾಸ್ಟನ್ ಅಂತಲೇ ಬರೆಯುತ್ತೀರಿ ಅಲ್ವಾ? ಮೊಂಟಾನಾದ ಬ್ಯೂಟ್ ಊರಿನ ಬಗ್ಗೆ ಯಾರಾದರೂ ಬರೆಯಬೇಕು. ಐರ್ಲೆಂಡಿನ ಕಾರ್ಕ್ ಕೌಂಟಿಯ ಬೇರಾ ಪರ್ಯಾಯದ್ವೀಪದಲ್ಲಿ ಆಲಿಹೀಸ್ ಅನ್ನುವ ಹಳ್ಳಿಯಲ್ಲಿ ತಾಮ್ರದ ಗಣಿ ಇತ್ತು. ಅದು ಕುಂದಿದಾಗ ಅಲ್ಲಿನ ಗಣಿ ಕೆಲಸದವರು ಗುಂಪುಗುಂಪಾಗಿ ಬ್ಯೂಟ್‌ನ ತಾಮ್ರದ ಗಣಿಗೆ ಬಂದರು. ಕ್ಯಾವನ್ ಕೌಂಟಿಯಿಂದ ಬರಿಗೈಯಲ್ಲಿ ಬಂದ ಮಾರ್ಕಸ್ ಡೇಲಿ ಅಲ್ಲಿ ಅನಕೊಂಡ ಕಂಪನಿ ಕಟ್ಟಿದ. 1900ರ ಹೊತ್ತಿಗೆ ಊರಿನ ಸುಮಾರು ಕಾಲು ಭಾಗ ಐರಿಷರೇ. 1917ರ ಜೂನ್‌ನಲ್ಲಿ ಸ್ಪೆಕ್ಯುಲೇಟರ್ ಗಣಿಗೆ ಬೆಂಕಿ ಬಿದ್ದು 168 ಜನ ಸತ್ತರು. ನಮ್ಮ ತಾತ ಕೆಜಿಎಫ್‌ನಲ್ಲಿ ನೆಲದಡಿ ದುಡಿದವರು, ಅದಕ್ಕೇ ನನಗೆ ಈ ಊರಿನ ಮೇಲೆ ಪ್ರೀತಿ. ಇದು ನಿಮ್ಮ ಕಾಲಕ್ಕೆ ಹೊಂದುವುದಿಲ್ಲ, ಗೊತ್ತು. ಮುಂದಿನ ತಲೆಮಾರಿನ ಕಥೆ ಬರೆದರೆ ನೆನಪಿಟ್ಟುಕೊಳ್ಳಿ.

ತುಂಗಾತೀರ:

ಮೇಡಂ, 1863 ಅಂದಿರಿ. ಹಾಗಾದರೆ ಆ ವರ್ಷದ ಜುಲೈ ತಿಂಗಳನ್ನು ದಾಟಿಕೊಂಡು ಹೋಗಬೇಡಿ. ಐರಿಷರ ಬಗ್ಗೆ ಬರೆಯುವ ಬಹಳ ಜನ ಬರಗಾಲದ ಕಣ್ಣೀರಿನಲ್ಲೇ ನಿಂತುಬಿಡುತ್ತಾರೆ. ಅನ್ಯಾಯ ಅನುಭವಿಸಿದವರೇ ಇನ್ನೊಬ್ಬರ ಮೇಲೆ ಕೈ ಎತ್ತಿದ್ದೂ ಇದೆ.

ಅಮೆರಿಕದ ಉತ್ತರ, ದಕ್ಷಿಣ ರಾಜ್ಯಗಳ ನಡುವಿನ ಅಂತರ್ಯುದ್ಧಕ್ಕೆ ಸೈನಿಕರು ಸಾಲದೆ ಉತ್ತರದ ಸರ್ಕಾರ ಬಲವಂತದ ಭರ್ತಿಗೆ ಇಳಿಯಿತು. ಚೀಟಿ ಎತ್ತಿ ಹೆಸರು ಆರಿಸುತ್ತಿದ್ದರು. 300 ಡಾಲರ್ ಕಟ್ಟಿದವನಿಗೆ ವಿನಾಯಿತಿ. ನ್ಯೂಯಾರ್ಕಿನಲ್ಲಿ ಜುಲೈ 11ರ ಶನಿವಾರ ಚೀಟಿ ಎತ್ತಿದರು, ಭಾನುವಾರ ಹೆಸರುಗಳು ಪತ್ರಿಕೆಯಲ್ಲಿ ಬಂದವು, ಸೋಮವಾರ ದಂಗೆ. ಶುರುವಾಗಿದ್ದು ಭರ್ತಿ ಕಚೇರಿಗೆ ಬೆಂಕಿ ಇಡುವುದರಿಂದ. ಆದರೆ ಅದೇ ದಿನ ಗುಂಪು ಕಪ್ಪು ಜನರ ಮೇಲೆ ತಿರುಗಿತು. ಫಿಫ್ತ್ ಅವೆನ್ಯೂದಲ್ಲಿದ್ದ ಕಪ್ಪು ಮಕ್ಕಳ ಅನಾಥಾಲಯವನ್ನು ಸುಟ್ಟರು. ಮಕ್ಕಳನ್ನು ಹಿಂದಿನ ಬಾಗಿಲಿಂದ ದಾಟಿಸಿದ್ದರಿಂದ ಜೀವ ಉಳಿಯಿತು. ಬೀದಿಯಲ್ಲಿ ಸಿಕ್ಕ ಕಪ್ಪು ಗಂಡಸರನ್ನು ಹೊಡೆದು ದೀಪದ ಕಂಬಕ್ಕೆ ನೇಣು ಹಾಕಿದರು. ನಾಲ್ಕು ದಿನ ನಡೆದ ಗಲಭೆಯಲ್ಲಿ ನೂರಕ್ಕೂ ಹೆಚ್ಚು ಜನ ಸತ್ತರು. ಗುಂಪಿನಲ್ಲಿ ಐರಿಷರೇ ಜಾಸ್ತಿ. ಅವರನ್ನು ತಡೆಯಲು ನಿಂತ ಪೊಲೀಸರಲ್ಲೂ ಐರಿಷರು ಬಹಳ ಇದ್ದರು. ಏಳು ತಿಂಗಳ ಹಿಂದೆಯಷ್ಟೇ, 1862ರ ಡಿಸೆಂಬರ್‌ನಲ್ಲಿ, ಅದೇ ಯುದ್ಧದ ಫ್ರೆಡರಿಕ್ಸ್‌ಬರ್ಗ್ ಕದನದಲ್ಲಿ ಗುಡ್ಡ ಹತ್ತಲು ಹೋಗಿ ಉತ್ತರದ ಸೈನ್ಯದ ಐರಿಷ್ ಬ್ರಿಗೇಡ್ ನುಚ್ಚುನೂರಾಗಿತ್ತು. ಈ ಮೂರೂ ಕಡೆ ಇದ್ದದ್ದು ಒಂದೇ ಊರಿನ ಹುಡುಗರು. ನೋರಾ ಒಳ್ಳೆಯವಳು, ಅವಳ ಜನ ಎಲ್ಲ ಒಳ್ಳೆಯವರು ಅಂತ ಬರೆದರೆ ಸತ್ತವರಿಗೆ ಮೋಸ ಮಾಡಿದ ಹಾಗೆ.

ಹಂಪಿಯಾಕೆ:

ಎಲ್ಲರಿಗೂ ತುಂಬ ಧನ್ಯವಾದ. ಬ್ಯಾಂಕಿನ ದೃಶ್ಯ ನಿನ್ನೆ ರಾತ್ರಿಯೇ ಬರೆಯಲು ಕೂತೆ. ತುಂಗಾತೀರ ಅವರೇ, ನೀವು ಹೇಳಿದ್ದು ಮನಸ್ಸಿಗೆ ನಾಟಿತು, ದಂಗೆಯನ್ನು ಬಿಡುವುದಿಲ್ಲ. ಆದರೆ ನೋರಾ ಆ ದಿನ ಎಲ್ಲಿರಬೇಕು? ಮನೆಗೆಲಸದವಳು ಬೀದಿಗೆ ಬಂದಿರುತ್ತಾಳಾ? ಅವಳನ್ನು ಸುಮ್ನೆ ಕಿಟಕಿಯಿಂದ ನೋಡುವ ಸಾಕ್ಷಿ ಮಾಡಲು ನನಗೆ ಇಷ್ಟವಿಲ್ಲ.

ಇನ್ನೊಂದು ಪ್ರಶ್ನೆ: ಬರಗಾಲದ ಭಾಗದಲ್ಲಿ ಚಾರ್ಲ್ಸ್ ಟ್ರೆವೆಲಿಯನ್ ಹೆಸರು ಬರುತ್ತದೆ. ಅವನ ಬಗ್ಗೆ ಕನ್ನಡ ಓದುಗರಿಗೆ ಎಷ್ಟು ಹೇಳಬೇಕು?

ತುಂಗಾತೀರ:

ಟ್ರೆವೆಲಿಯನ್ ಬಗ್ಗೆ ಒಂದು ಪ್ಯಾರಾ ಸಾಕು, ಆದರೆ ಅದು ಇರಲಿ. ಲಂಡನ್ನಿನ ಖಜಾನೆ ಇಲಾಖೆಯಲ್ಲಿ ಕೂತು ಪರಿಹಾರದ ದುಡ್ಡಿನ ಗಂಟು ಹಿಡಿದಿದ್ದವನು ಅವನು. 1847ರ ಬೇಸಿಗೆಯಲ್ಲಿ ಗಂಜಿ ಕೇಂದ್ರಗಳು ದಿನಕ್ಕೆ ಮೂವತ್ತು ಲಕ್ಷ ಜನಕ್ಕೆ ಊಟ ಹಾಕುತ್ತಿದ್ದವು, ಆಮೇಲೆ ಕೆಲವೇ ತಿಂಗಳಲ್ಲಿ ಮುಚ್ಚಿದರು. ಕಾಲು ಎಕರೆಗಿಂತ ಜಾಸ್ತಿ ಭೂಮಿ ಹಿಡಿದವನಿಗೆ ಪರಿಹಾರವಿಲ್ಲ ಅನ್ನುವ ಕಾನೂನೂ ಅದೇ ವರ್ಷದ್ದು. ಹೊಟ್ಟೆಗೆ ಬೇಕಾದರೆ ಹೊಲ ಬಿಡು ಅಂತ ಅರ್ಥ. ಇದೇ ಟ್ರೆವೆಲಿಯನ್ 1859ರಲ್ಲಿ ಮದರಾಸಿನ ಗವರ್ನರ್ ಆಗಿ ಬಂದ. ಆಗ ಬಳ್ಳಾರಿ, ಮಂಗಳೂರು ಎರಡೂ ಮದರಾಸಿನ ಕೈಕೆಳಗೇ ಇದ್ದವು. ಇದನ್ನು ತಿಳಿದರೆ ನಮ್ಮ ಓದುಗರು ಅವನನ್ನು ದೂರದವನು ಅಂದುಕೊಳ್ಳುವುದಿಲ್ಲ.

ದಪ್ತರ:

ನೋರಾ ಎಲ್ಲಿರಬೇಕು ಅನ್ನುವುದಕ್ಕೆ ನನ್ನ ಹತ್ತಿರ ಒಂದು ದಾರಿ ಇದೆ.

300 ಡಾಲರ್ ಅಂದರೆ ತಿಂಗಳಿಗೆ ಏಳು ಡಾಲರಿನಂತೆ ಮೂರೂವರೆ ವರ್ಷದ ಪೂರ್ತಿ ಸಂಬಳ. ತಮ್ಮನ ಕೈಯಲ್ಲಿ ಅದು ಇರಲು ಸಾಧ್ಯವಿಲ್ಲ. ಆದರೆ ಹದಿನೈದು ವರ್ಷ ಬೇರೆಯವರ ಮನೆಯಲ್ಲಿ ದುಡಿದ ಅಕ್ಕನ ಪಾಸ್‌ಬುಕ್ಕಿನಲ್ಲಿ ಇರಬಹುದು. ಅವಳು ಆ ದುಡ್ಡನ್ನು ಇನ್ನೇನಕ್ಕೋ ಇಟ್ಟಿದ್ದಳು, ಒಂದು ಸಣ್ಣ ಅಂಗಡಿಯೋ, ಎರಡು ಕೋಣೆಯ ತನ್ನದೇ ಮನೆಯೋ, ಅದನ್ನು ಈಗಿನಿಂದಲೇ ಅಲ್ಲಲ್ಲಿ ಹೇಳುತ್ತಾ ಬನ್ನಿ. ಭಾನುವಾರ ತಮ್ಮನ ಹೆಸರು ಪತ್ರಿಕೆಯಲ್ಲಿದೆ. ಬೆಳಗಿನ ಪ್ರಾರ್ಥನೆಗೆ ಚರ್ಚಿಗೆ ಹೋದವಳಿಗೆ ಅಲ್ಲೇ ಯಾರೋ ಓದಿ ಹೇಳುತ್ತಾರೆ. ಸೋಮವಾರ ಅವಳು ಮಾಲೀಕರ ಮನೆಯಿಂದ ತಪ್ಪಿಸಿಕೊಂಡು ಚೇಂಬರ್ಸ್ ಬೀದಿಯ ಬ್ಯಾಂಕಿಗೆ ಹೊರಡುತ್ತಾಳೆ, ಊರು ಹೊತ್ತಿ ಉರಿಯುತ್ತಿದೆ. ತಮ್ಮ ಎಲ್ಲಿದ್ದಾನೆ, ಗುಂಪಿನಲ್ಲಿ ಏನು ಮಾಡುತ್ತಿದ್ದಾನೆ ಅಂತ ಅವಳಿಗೆ ಗೊತ್ತಿಲ್ಲ. ಅವನು ಕೈಗೆ ರಕ್ತ ಮಾಡಿಕೊಂಡು ಸಿಕ್ಕರೆ ಆ ದುಡ್ಡು ಕೊಡುತ್ತಾಳಾ ಅನ್ನುವುದನ್ನು ನೀವೇ ತೀರ್ಮಾನಿಸಿ.

ಕಾಗದಪತ್ರದ ಕಡೆ ಎರಡು ವಿಷಯ ಗಮನಿಸಿ. ಪೌರನಲ್ಲದವನನ್ನು ಭರ್ತಿಗೆ ಎಳೆಯುವಂತಿರಲಿಲ್ಲ. ಆದರೆ ಪೌರನಾಗುತ್ತೇನೆ ಅಂತ ಮೊದಲ ಅರ್ಜಿ ಹಾಕಿದವನು ಪಟ್ಟಿಗೆ ಬರುತ್ತಿದ್ದ. ಹಾಗಾಗಿ ತಮ್ಮ ಆ ಅರ್ಜಿ ಹಾಕುವ ಸಣ್ಣ ಪ್ರಸಂಗವನ್ನು ಮೊದಲೇ ಎಲ್ಲಾದರೂ ಇಡಿ, ಬೇಕಿದ್ದರೆ ಅಕ್ಕನೇ ಒತ್ತಾಯ ಮಾಡಿ ಹಾಕಿಸಲಿ. ವಯಸ್ಸಿನ ಲೆಕ್ಕವೂ ಕೂಡಿಬರುತ್ತದೆ, 1863ರಲ್ಲಿ ಅವನಿಗೆ ಇಪ್ಪತ್ತೈದು, ಪಟ್ಟಿ ಇದ್ದದ್ದು ಇಪ್ಪತ್ತರಿಂದ ನಲವತ್ತೈದರವರಿಗೆ. ಅಧ್ಯಾಯ ಮುಗಿದ ಮೇಲೆ ಇಲ್ಲೇ ಹಾಕಿ, ದಿನಾಂಕ ಬೀದಿ ಎಲ್ಲ ನಾನು ಒಮ್ಮೆ ನೋಡಿಕೊಡುತ್ತೇನೆ.